ವಾದಿ ಕಬೀರಿನ ಫ್ಲ್ಯಾಟಿಗೆ ಸಿಂಹ ನುಗ್ಗಿದ ಶನಿವಾರ

ಕಳೆದ ವರ್ಷ ನವೆಂಬರ್‌ನ ಒಂದು ಶನಿವಾರ ಬೆಳಿಗ್ಗೆ. ಗಲ್ಫ್‌ನಲ್ಲಿ, ವಾದಿ ಕಬೀರ್ ಬಡಾವಣೆಯ ತಮ್ಮ ಫ್ಲ್ಯಾಟಿನಲ್ಲಿ ಸಿಲ್ವಿಯಾ ಟೀಚರ್ ನಡೆಸುತ್ತಿದ್ದ ಮಕ್ಕಳ ಕನ್ನಡ ತರಗತಿಗೆ ಅದು ಕೊನೆಯ ಅವಕಾಶ. ಹದಿನಾಲ್ಕು ಮಕ್ಕಳಲ್ಲಿ ನಾಲ್ವರಷ್ಟೇ ಬರುತ್ತಿದ್ದರು. ಅಂದು ಸಿನಿಮಾ ಎಂದು ಎಲ್ಲರೂ ಅಪ್ಪ-ಅಮ್ಮಂದಿರ ಜೊತೆ ಬಂದಿದ್ದರು. "ಇವತ್ತೂ ಬೋರಾದರೆ ಖಲಾಸ್, ಕ್ಲಾಸು ಮುಚ್ಚುವುದೇ," ಎಂದರು ಟೀಚರ್.

ಅವರು ಆರಿಸಿದ್ದು ನೂರು ವರ್ಷಕ್ಕೂ ಹಳೆಯ ಫ್ರೆಂಚ್ ಮೂಕಿ ಹಾಸ್ಯಚಿತ್ರ. ಮನೆಯೊಂದಕ್ಕೆ ಸಿಂಹ ನುಗ್ಗುವ ಕಥೆ. ಸಿಂಹ ಮಾತ್ರ ನಿಜವಾದದ್ದು. ಹಿಂದೆ ಮಂಗಳೂರಿನಲ್ಲಿ ಪತ್ರಿಕೆಯೊಂದರ ಸುದ್ದಿ ಡೆಸ್ಕಿನಲ್ಲಿದ್ದ ನನಗೆ ಕನ್ನಡದಲ್ಲಿ ವಿವರಣೆ ಹೇಳುವ ಕೆಲಸ. ಮೂರು ಪುಟ ಬರೆದುಕೊಂಡು ಹೋಗಿದ್ದೆ.

ಪರದೆ ಎಳೆದು, ಗೋಡೆಯ ಮೇಲೆ ಚಿತ್ರ ಬಿಟ್ಟರು. "ನಗರದ ಮನೆಯೊಂದಕ್ಕೆ ಸಿಂಹ ನುಗ್ಗಿದ್ದು, ನಿವಾಸಿಗಳು ಆತಂಕಗೊಂಡಿದ್ದಾರೆ," ಎಂದು ಓದಿದೆ.

"ಎಂತ ಮಾರಾಯ್ರೆ, ನುಗ್ಗಿದ್ದು ಸಿಂಹವಾ, ಮಂತ್ರಿಯಾ?" ಎಂದರು ಅಲ್ಲಿನ ಘಾಲಾ ಪ್ರದೇಶದಲ್ಲಿ ಗ್ಯಾರೇಜ್ ಇಟ್ಟಿರುವ ಅಬ್ಬಾಸ್. ದೊಡ್ಡವರು ನಕ್ಕರು. ಮಕ್ಕಳು ನಗಲಿಲ್ಲ. ಒಬ್ಬ ಆಗಲೇ ಚಪ್ಪಲಿ ಹುಡುಕುತ್ತಿದ್ದ.

ಗಾಬರಿಯಲ್ಲಿ ಒಂದು ಪುಟ ಹಾರಿಸಿಬಿಟ್ಟೆ. "ಸಿಂಹ ಮನೆ ಬಿಟ್ಟು ತೆರಳಿದೆ. ಪರಿಸ್ಥಿತಿ ಶಾಂತವಾಗಿದೆ." ಗೋಡೆಯ ಮೇಲೆ ಸಿಂಹ ಅಡುಗೆಯವಳ ಬೆನ್ನ ಹಿಂದೆಯೇ ನಿಂತಿತ್ತು!

"ನೋ ಅಂಕಲ್! ಇಟ್ಸ್ ದೇರ್!" ಕಿರುಚಿದವಳು ಅಬ್ಬಾಸರ ಮಗಳು ಝುಹ್ರಾ. ಮನೆಯಲ್ಲಿ ಬ್ಯಾರಿ ಭಾಷೆ, ಶಾಲೆಯಲ್ಲಿ ಇಂಗ್ಲಿಷ್. ಅವಳ ಬಾಯಿಂದ ಒಂದು ಕನ್ನಡ ಮಾತನ್ನೂ ಟೀಚರ್ ಕೇಳಿರಲಿಲ್ಲ.

ಹಳೆಯ ಅಭ್ಯಾಸ ನಾಲಿಗೆಗೆ ಬಂತು. "ಇದು ಕನ್ನಡ ಪತ್ರಿಕೆ. ಕನ್ನಡದಲ್ಲಿ ಹೇಳಿದರೆ ಮಾತ್ರ ತಿದ್ದುಪಡಿ ಹಾಕುತ್ತೇವೆ," ಎಂದೆ.

ಅವಳು ತಡವರಿಸಿದಳು. ಸಿಂಹ ಬಾಯಿ ತೆರೆಯಿತು. "ಸಿಂಹ... ಸಿಂಹ ಹಿಂದೆ ಉಂಟು! ಓಡಿ!"

"ತಿದ್ದುಪಡಿ: ಸಿಂಹ ಹಿಂದೆ ಉಂಟು!" ಎಂದು ಘೋಷಿಸಿ, ಹಾಳೆಗಳನ್ನು ಕೆಳಗಿಟ್ಟೆ. ಅಲ್ಲಿಂದ ಬೇಕೆಂದೇ ತಪ್ಪು ವರದಿ ಮಾಡತೊಡಗಿದೆ.

"ಪೊಲೀಸರು ಸಿಂಹವನ್ನು ಹಿಡಿದಿದ್ದಾರೆ."

"ಸುಳ್ಳು! ಪೊಲೀಸ್ ಕಪಾಟಿನ ಒಳಗೆ!"

"ಅಡುಗೆಯವಳು ಸುರಕ್ಷಿತವಾಗಿದ್ದಾಳೆ."

"ಇಲ್ಲ! ಬುಟ್ಟಿಯಲ್ಲಿ! ಕಾಲು ಹೊರಗೆ ಉಂಟು!"

ಚಪ್ಪಲಿ ಹುಡುಕುತ್ತಿದ್ದವನು ಸೋಫಾ ಹತ್ತಿ ನಿಂತಿದ್ದ. ಮಕ್ಕಳು ಗೊತ್ತಿಲ್ಲದ ಪದವನ್ನು ಪಕ್ಕದವರ ಕಿವಿಯಲ್ಲಿ ಕೇಳಿಕೊಂಡು ಕೂಗುತ್ತಿದ್ದರು. ಕೂಗಿ ಕೂಗಿ ನನ್ನ ಸ್ವರ ಬಿದ್ದುಹೋಯಿತು, ಆದರೂ ನಿಲ್ಲಿಸಲು ಯಾರೂ ಬಿಡಲಿಲ್ಲ.

ದೀಪ ಹಾಕಿದಾಗ ಝುಹ್ರಾ ನನ್ನ ಅಂಗಿ ಎಳೆದಳು. "ಅಂಕಲ್, ಬರುವ ಶನಿವಾರವೂ ತಪ್ಪು ಹೇಳ್ತೀರಾ?"

ಉತ್ತರ ಕೊಟ್ಟಿದ್ದು ಟೀಚರ್: "ಹೇಳ್ತಾರೆ. ನೀನು ತಿದ್ದಲಿಕ್ಕೆ ಬರಬೇಕು, ಅಷ್ಟೇ."

ತರಗತಿ ಈಗಲೂ ನಡೆಯುತ್ತಿದೆ. ಡೆಸ್ಕಿನಲ್ಲಿದ್ದಾಗ ಒಂದು ತಿದ್ದುಪಡಿ ಹಾಕಬೇಕಾಗಿ ಬಂದರೂ ನನಗೆ ಊಟ ಸೇರುತ್ತಿರಲಿಲ್ಲ. ಆ ಶನಿವಾರ ಲೆಕ್ಕವಿಲ್ಲದಷ್ಟು ಹಾಕಿದೆ. ಮಧ್ಯಾಹ್ನ ಎರಡು ಸಲ ಬಡಿಸಿಕೊಂಡು ಉಂಡೆ.