ಪಾಳು ಎಂದು ಬರೆಸಿಕೊಂಡ ಗುಡ್ಡ

ದುಂಡಸಿಯ ದುರಗವ್ವ ಹಂಚಿಹುಲ್ಲಿನ ಕಸಬರಿಗೆ ಕಟ್ಟಿ ಬಾಳಿದವಳು. ಹುಲ್ಲನ್ನು ಮೈಯಿಂದಲೇ ಅಳೆಯುತ್ತಾಳೆ: ಹಿಮ್ಮಡ ಮುಟ್ಟುವುದು ಕುರಿಗೆ, ಮೊಣಕಾಲಿನದು ಎಮ್ಮೆಗೆ, ನಡು ಮುಟ್ಟಿದ್ದು ಕಸಬರಿಗೆಗೆ.

ಹನ್ನೊಂದು ವರ್ಷದ ಹಿಂದೆ ಊರ ಅರಣ್ಯ ಸಮಿತಿಯ ಅಧ್ಯಕ್ಷ ಶಂಭುಲಿಂಗ ಅರ್ಧ ಗುಡ್ಡವನ್ನು ‘ಪಾಳು’ ಎಂದು ಬರೆಸಿ ನೀಲಗಿರಿ ನೆಡಿಸಿದ. ಅಡ್ಡ ಬಂದ ದುರಗವ್ವನ ಕುಡುಗೋಲು ಕಸಿದು ತಗ್ಗಿಗೆ ಎಸೆದ.

“ಈ ಪಾಳು ಗುಡ್ಡದಾಗ ಏನೈತಿ ಅಂತ ಬಡಕೊಳ್ತಿ? ಹೋಗ, ಕಸಾ ಹೊಡಿ ಹೋಗ!”

ಊರವರೆಲ್ಲ ನಕ್ಕರು. ನಾನೂ ನಕ್ಕೆ, ಥೂ ನನ್ನ ಜನ್ಮಕ್ಕೆ. ದುರಗವ್ವ ಅಳಲಿಲ್ಲ, ಆ ಕುಡುಗೋಲನ್ನು ಎತ್ತಿಕೊಳ್ಳಲೂ ಇಲ್ಲ.

“ಆ ಮಾತ ಅವನ ಕೈಲೇ ವಾಪಸ್ ಬರಸ್ತೇನಿ” ಎಂದಷ್ಟೇ ಅಂದಳು.

ಕಳೆದ ವರ್ಷ ಉಳಿದರ್ಧ ಗುಡ್ಡಕ್ಕೂ ನೀಲಗಿರಿ ಬೇಕೆಂದು ಶಂಭುಲಿಂಗ ಅರ್ಜಿ ಹಾಕಿದ. ಪರಿಶೀಲನೆಗೆ ಬಂದ ಅರಣ್ಯ ಇಲಾಖೆಯ ಅಧಿಕಾರಿ, ಹಿರೇಕೆರೂರಿನ ಐಶ್ವರ್ಯ, ಗಿಡದ ಹೆಸರು ಬಲ್ಲವರು ಬೇಕೆಂದಳು. ಅಧ್ಯಕ್ಷನಿಗೆ ಗರಿಕೆ ಬಿಟ್ಟರೆ ಬೇರೆ ಹುಲ್ಲು ಗೊತ್ತಿದ್ದರೆ ತಾನೇ! ಅವನೇ ದುರಗವ್ವನಿಗೆ ಹೇಳಿ ಕಳಿಸಿದ.

“ನೀಲಗಿರಿ ಆಸ್ಟ್ರೇಲಿಯಾದ್ದು ಯವ್ವಾ” ಎಂದಳು ಐಶ್ವರ್ಯ. “ಅಲ್ಲಿ ಮೊದಲ ಮರದ ಎತ್ತರ ನೋಡ್ತಾರ, ಆಮ್ಯಾಲೆ ಎಲಿ ಎಷ್ಟ ನೆಲಾ ಮುಚ್ಚೇತಿ, ಕೆಳಗ ಏನ ಬೆಳದೈತಿ ಅಂತ ನೋಡಿ ಆ ನೆಲಕ್ಕ ಹೆಸರಿಡ್ತಾರ. ಒಂದೂ ಮರ ಇಲ್ಲದ ಬರೇ ಹುಲ್ಲಿಗೂ ಬ್ಯಾರೆ ಹೆಸರೈತಿ.”

“ಪಾಳು ಅನ್ನೂದಿಲ್ಲ?”

“ಇಲ್ಲರಿ.”

ದುರಗವ್ವ ಶಂಭುಲಿಂಗನತ್ತ ತಿರುಗಿ ನಕ್ಕಳು. ಆ ನಗೆಗೆ ನನಗೇ ಹೆದರಿಕೆಯಾಯಿತು.

ಒಳಗಿನ ಗಿಡ ಎಣಿಸಲೆಂದು ಶಂಭುಲಿಂಗ ತಾನೇ ಆರಿಸಿದ ದಟ್ಟ ನೀಲಗಿರಿಯ ನಡುವೆ ಹಗ್ಗದ ಚೌಕ ಹಾಕಿಸಿದ. ದುರಗವ್ವ ಒಣ ಎಲೆ ಕೆದರಿದಳು. ಕೆಳಗೆ ಒಂದು ಎಸಳು ಹುಲ್ಲೂ ಇರಲಿಲ್ಲ. ಉಳಿದರ್ಧ ಗುಡ್ಡದ ಚೌಕದಲ್ಲಿ ಹಂಚಿ, ಕರಡ, ಕರಿಕಿ ಎನ್ನುತ್ತ ಹತ್ತೊಂಬತ್ತು ಹೆಸರು ಹೇಳಿದಳು, ಒಂದೊಂದೂ ಮೈಗೆ ಎಲ್ಲಿ ಮುಟ್ಟುತ್ತದೆಂದು ತೋರಿಸಿ. ಅದು ‘ಹುಲ್ಲುಗಾವಲು’ ಎಂದು ದಾಖಲಾಯಿತು. ಪಾಳಲ್ಲದ ನೆಲವೆಂದು ಅರ್ಜಿ ಅಲ್ಲಿಗೇ ಬಿದ್ದುಹೋಯಿತು.

ನೀಲಗಿರಿಯ ಹಾಳೆಯಲ್ಲಿ ‘ಕೆಳಗಿನ ಸಸ್ಯ’ ಎಂಬಲ್ಲಿ ಖಾಲಿಯಿತ್ತು. ಅಧ್ಯಕ್ಷನೇ ತುಂಬಿ ಸಹಿ ಹಾಕಬೇಕು.

“ಏನಂತ ಬರೀಲಿ?” ಎಂದು ಶಂಭುಲಿಂಗ ಗೊಣಗಿದ.

ದುರಗವ್ವ ಪೆನ್ನನ್ನು ಅವನ ಕೈಗಿಟ್ಟಳು. “ಪಾಳು ಅಂತ ಬರೀರಿ, ಗೌಡ್ರ. ರೂಢಿ ಐತೆಲ್ಲ ನಿಮಗ.”

ಊರೇ ನೋಡುತ್ತಿತ್ತು. ಅವನು ಬರೆದ. ನನಗಂತೂ ಹಾಲು ಕುಡಿದಷ್ಟು ಸಂತೋಷವಾಯಿತು. ಆದರೆ ದುರಗವ್ವ ಇನ್ನೂ ಮುಗಿಸಿರಲಿಲ್ಲ.

“ನನ್ನ ಕುಡಗೋಲು ಆ ತಗ್ಗಿನ್ಯಾಗ ಐತ್ರಿ. ಇಳದು ತಂದ ಕೊಡ್ರಿ.”

ಶಂಭುಲಿಂಗ ಧೋತರ ಎತ್ತಿ ಕಟ್ಟಿ ಇಳಿದ.