ಚೌಡಿಯ ಆಣೆ, ಕೋರ್ಟಿನ ಆರ್ಡರು

ಆಗ ನನಗೆ ಅರವತ್ತೆಂಟು. ಆರು ವರ್ಷದ ಹಿಂದಿನ ಮಾತು. ಹೊಸನಗರದ ಕೋರ್ಟಿನಲ್ಲಿ ನನ್ನನ್ನು ಜೈಲಿಗೆ ಹಾಕುವ ಮಾತು ನಡೆದಿತ್ತು.

ಮೈದುನ ತನ್ನ ಗದ್ದೆಗೆ ಹೋಗಬೇಕಾದರೆ ನಮ್ಮ ಗದ್ದೆಯ ಪಕ್ಕದ ದಾರಿಯಲ್ಲೇ ಹೋಗಬೇಕು. ದಾರಿ ಇಬ್ಬರದೂ ಹೌದು, ಅದು ನನಗೂ ಗೊತ್ತಿತ್ತು. ಒಂದು ಸಲ ಅವನ ಪಿಕಪ್ ಗಾಡಿ ಹತ್ತಿ ನನ್ನ ಗದ್ದೆಯ ಅಂಚು ಕುಸಿಯಿತು. ಕೇಳಿದರೆ ನಕ್ಕ. ದಾರಿಗೆ ಅಡ್ಡ ಬೇಲಿ ಹಾಕಿಸಿದೆ. ಅಷ್ಟಕ್ಕೆ ಸುಮ್ಮನಾಗಬೇಕಿತ್ತು. ಸಿಟ್ಟಿನಲ್ಲಿ ನಮ್ಮೂರ ದೇವಿ ಚೌಡಿಯ ಆಣೆಯನ್ನೂ ಹಾಕಿದೆ: ಈ ಬೇಲಿ ಮುಟ್ಟಿದವರನ್ನು, ಈ ದಾರಿ ತುಳಿದವರನ್ನು ಅವಳೇ ನೋಡಿಕೊಳ್ಳಲಿ ಎಂದು.

ನಮ್ಮೂರಲ್ಲಿ ಆಣೆ ಹಾಕಿದವರೂ ಅದನ್ನು ಮೀರುವಂತಿಲ್ಲ. ಜಗಳವಾಡಿದ ಇಬ್ಬರೂ ಚೌಡಿಯ ಮುಂದೆ ಒಟ್ಟಿಗೆ ನಿಂತು ಕಾಯಿ ಒಡೆದು ಬಿಡಿಸಬೇಕು.

ಅವನು ಕೋರ್ಟಿಗೆ ಹೋದ, ಗೆದ್ದ. ಬೇಲಿ ತೆಗೆಯಬೇಕೆಂದು ಆರ್ಡರಾಯಿತು. ಕಾಯಿ ಒಡೆಯಲು ಕರೆದರೆ, "ಗೆದ್ದವ್ನು ನಾನು, ನಾನ್ಯಾಕೆ ಬರ್ಲಿ?" ಎಂದ. ಬೇಲಿ ಹಾಗೇ ನಿಂತಿತು. ಆರ್ಡರು ಮೀರಿದಳೆಂದು ನನ್ನ ಮೇಲೆ ಮತ್ತೊಂದು ಕೇಸು ಬಿತ್ತು.

"ಮೂರು ತಿಂಗಳವರೆಗೂ ಒಳಗೆ ಹಾಕ್ಬಹುದು ಅಮ್ಮ. ಚೌಡಿ ಸುದ್ದಿ ಮಾತ್ರ ಎತ್ತಬೇಡಿ" ಎಂದರು ನನ್ನ ಲಾಯರು. ನಾನು ಎತ್ತಿದೆ.

ಜಡ್ಜಮ್ಮ ಪೂರ್ತಿ ಕೇಳಿಸಿಕೊಂಡರು. "ನಾಳೆ ಸಂಜೆಯೊಳಗೆ ಬೇಲಿ ತೆಗೀಬೇಕು. ಇಲ್ಲದಿದ್ರೆ ಜೈಲು."

"ಅವನಿಗೂ ಒಂದು ಆರ್ಡರು ಮಾಡಿ ಅಮ್ಮಾ, ಕಾಯಿ ಒಡೆಯೋಕೆ ಬರ್ಲಿ."

ಹಿಂದೆ ಯಾರೋ ಕಿಸಕ್ಕನೆ ನಕ್ಕರು. ಅದು ತಮ್ಮ ಕೈಲಿಲ್ಲ ಎಂದರು ಜಡ್ಜಮ್ಮ.

ರಿಪ್ಪನ್‌ಪೇಟೆ ಕಡೆಯ ಬಸ್ಸಿಗೆ ಇಬ್ಬರೂ ಒಂದೇ ಕಡೆ ಕಾಯಬೇಕಾಯಿತು.

"ಎಂತ ಅತ್ತಿಗೆ, ಜೈಲಲ್ಲಿ ಎಲೆಯಡಿಕೆ ಕೊಡಲ್ಲ, ಗೊತ್ತುಂಟಾ?" ಎಂದ ಮೈದುನ.

"ಕೊಡದಿದ್ರೆ ಬಿಡ್ಲಿ. ಬೇಲೀನ ಪೊಲೀಸ್ರೇ ಕಿತ್ತುಹಾಕ್ಲಿ. ಆಣೆ ಅಲ್ಲೇ ಇರ್ತದೆ. ಆಮೇಲೆ ಆ ದಾರೀಲಿ ಮೊದ್ಲು ಗಾಡಿ ಹೊಡೆಯೋದು ಯಾರು? ನೀನಾ, ನಿನ್ನ ಮಗನಾ?"

ಅವನ ನಗು ನಿಂತಿತು. ಚೌಡಿಯ ಹೆದರಿಕೆ ಅವನಿಗೂ ನನ್ನಷ್ಟೇ. ಎದುರಿನ ಅಂಗಡಿಗೆ ಹೋಗಿ ಒಂದು ತೆಂಗಿನಕಾಯಿ ತಂದ.

"ಬೆಳಿಗ್ಗೆ ಏಳಕ್ಕೆ ಬನ್ನಿ."

"ಗದ್ದೆ ಅಂಚು?"

"ಕಟ್ಸಿಕೊಡ್ತೀನಿ ಮಾರಾಯ್ರೆ, ಮೊದ್ಲು ಬನ್ನಿ."

ಮರುದಿನ ಬೆಳಿಗ್ಗೆ ಚೌಡಿಯ ಮುಂದೆ ಅವನು ಕಾಯಿ ಒಡೆದ. ಒಂದು ಹೋಳು ಅವನಿಗೆ, ಒಂದು ನನಗೆ. ನಾನು ಕತ್ತಿ ತಂದಿದ್ದೆ. ಬೇಲಿಯನ್ನು ನಾನೇ ಕಡಿದೆ. ಲಾಯರಿಗೆ ಕೊಡಲೆಂದು ಅವನು ಫೋಟೊ ಹೊಡೆದುಕೊಂಡ. ಗೂಟಗಳು ಚೆನ್ನಾಗಿ ಒಣಗಿದ್ದವು. ಹೊರೆ ಕಟ್ಟಿ ಹೊತ್ತು ತಂದು ಬಚ್ಚಲ ಒಲೆಗೆ ಹಾಕಿ, ನೀರು ಕಾಯಿಸಿ ಸ್ನಾನ ಮಾಡಿದೆ.