ಕಾಲು ತಗುಲಿದರೆ

ಅಮೆರಿಕದ ಫಾರ್ಮಿಂಗ್ಟನ್ ಹಿಲ್ಸ್, ಶನಿವಾರ ಬೆಳಿಗ್ಗೆ. ತಂಗಿಯ ಮಗಳು ಅನನ್ಯಾಳ ಫುಟ್‌ಬಾಲ್ ಪಂದ್ಯ. ಯಾರಿಗಾದರೂ ಕಾಲು ತಗುಲಿದರೆ ಸಾಕು, ಅವಳು ಚೆಂಡು ಬಿಟ್ಟು ಅವರನ್ನು ಮುಟ್ಟಿ ಕಣ್ಣಿಗೊತ್ತಿಕೊಳ್ಳುತ್ತಿದ್ದಳು. ಹಾಗೆ ಬಗ್ಗಿದ್ದಾಗಲೇ ಎದುರಿನವರು ಗೋಲು ಹೊಡೆದರು.

“ನಮಸ್ಕಾರ ಆಮೇಲೆ ಮಾಡೇ, ಬಾಲ್ ನೋಡು,” ಎಂದು ಅವಳ ಅಪ್ಪ ಕೂಗಿದ.

ವಯಸ್ಸಾದ ಕೋಚ್ ಉರುಗ್ವೆಯವರು. ಅಲ್ಲಿ ಮೊದಲು ಆಟಗಾರ, ಆಮೇಲೆ ತಂಡಕ್ಕೆ ಆಟ ಕಲಿಸುವ ಮ್ಯಾನೇಜರ್ ಆಗಿದ್ದವರು. ಹುಡುಗಿ ಮಾಡುವುದೇನೆಂದು ನನ್ನನ್ನು ಕೇಳಿದರು. ವಿವರಿಸಿದೆ.

“ಆಡುವಾಗ ಎಷ್ಟೋ ಜನರ ಕಾಲಿಗೆ ಒದ್ದೆ. ಮ್ಯಾನೇಜರ್ ಆಗಿ ಒದೆಯೋದನ್ನೇ ಕಲಿಸಿದೆ. ಅವಳನ್ನ ಅವಳ ಪಾಡಿಗೆ ಬಿಟ್ಟುಬಿಡಿ,” ಎಂದರು ಇಂಗ್ಲಿಷಿನಲ್ಲಿ.

ಹೊರಡುವಾಗ ಅವರ ಬೂಟು ಅನನ್ಯಾಳ ಕಾಲಿಗೆ ತಗುಲಿತು. ನೋಯುವ ಮೊಣಕಾಲು ಹಿಡಿದುಕೊಂಡು ಮೆಲ್ಲನೆ ಬಗ್ಗಿದರು.

“ಇಟ್ಸ್ ಓಕೆ, ಕೋಚ್,” ಎಂದಳು ಅವಳು.

ಅವರ ಬೆರಳು ಆಗಲೇ ಕಣ್ಣು ತಲುಪಿತ್ತು.